ಕಾಡಿನಿಂದ ಬಂದ ಮಾತು

ಬೇಸಿಗೆ ಮುಗಿಯುತ್ತ ಬಂದಿತ್ತು. ಮಂಗಳವಾರ, ಬೆಳಿಗ್ಗೆ ಏಳೂವರೆ. ಠಾಣೆಯ ಅಂಗಳಕ್ಕೆ ನೀರು ಚಿಮುಕಿಸುತ್ತಿದ್ದ ದಫೇದಾರರು ಬಕೆಟ್ಟು ಕೆಳಗಿಡುವಷ್ಟರಲ್ಲಿ ಕೊಡೆ ಮೇಷ್ಟ್ರ ಮಗಳು ಮೆಟ್ಟಿಲು ಹತ್ತಿ, ಇನ್‌ಸ್ಪೆಕ್ಟರಮ್ಮನ ಮೇಜಿನ ಮುಂದೆ ನಿಂತಾಗಿತ್ತು.

"ಅಪ್ಪ ಸತ್ತು ಬಿದ್ದಿದ್ದಾರೆ, ಕಾಡಿನ ದಾರಿ ಮೋರಿ ಹತ್ರ. ನಿಮ್ಮೋರೇ ಕೊಂದಿದ್ದಾರೆ. ಬರ್ಕೊಳ್ಳಿ."

ಇನ್‌ಸ್ಪೆಕ್ಟರಮ್ಮನ ಕೈಯಲ್ಲಿದ್ದ ಚಹಾದ ಲೋಟ ಅಲ್ಲೇ ನಿಂತಿತು. ಕೊಡೆ ಮೇಷ್ಟ್ರು ಅಂದರೆ ಆ ಸೀಮೆಯಲ್ಲಿ ಗೊತ್ತಿಲ್ಲದವರಿಲ್ಲ. ಕೆಂಪು ಬಾವುಟದವರು ಸರ್ಕಾರದ ಮೇಲೆ ಬಂದೂಕು ಎತ್ತಿ ಕಾಡು ಸೇರಿ ನಲವತ್ತು ವರ್ಷವಾಗಿತ್ತು. ನಮಗೆ ಬೇರೆ ದೇಶವೇ ಬೇಕು ಎಂದು ಬೆಟ್ಟದವರು ಎದ್ದದ್ದು ಅದಕ್ಕೂ ಹಿಂದೆ. ಇವರಿಬ್ಬರಿಗೂ ಪೊಲೀಸರಿಗೂ ನಡುವೆ ಮಾತು ಒಯ್ದು ಮಾತು ತರುತ್ತಿದ್ದವರು ಮೇಷ್ಟ್ರು ಒಬ್ಬರೇ. ಸೈಕಲ್ಲಿಗೆ ಬಿಳಿ ಕೊಡೆ ಕಟ್ಟಿಕೊಂಡು ಹೊರಟರೆ ಮೂರು ಕಡೆಯವರೂ ಬಂದೂಕಿನ ಮೂತಿ ನೆಲಕ್ಕಿಳಿಸುತ್ತಿದ್ದರು. ಅವರು ತುಳಿದ ಪೆಡಲಿನಿಂದಲೇ ಕಾಡಿನ ಮೊದಲ ತಂಡ ಶರಣಾಗಿ ಊರು ಸೇರಿತ್ತು. ಎರಡನೆಯ ತಂಡ ಗುರುವಾರ ಇಳಿಯಬೇಕಿತ್ತು. ನಿಮ್ಮ ಕೂದಲೂ ಕೊಂಕದ ಹಾಗೆ ನೋಡಿಕೊಳ್ಳುತ್ತೇನೆ ಎಂದು ಅವರಿಗೆ ಮಾತು ಕೊಟ್ಟವರು ಇದೇ ಇನ್‌ಸ್ಪೆಕ್ಟರಮ್ಮ.

"ದಫೇದಾರ್ರೇ, ದೂರು ಬರ್ಕೊಳ್ಳಿ."

"ಪೊಲೀಸರೇ ಕೊಂದಿದ್ದಾರೆ ಅಂತಾನಾ ಅಮ್ಮಾ?"

"ಅವಳು ಹೇಳಿದ ಹಾಗೇ. ಒಂದಕ್ಷರ ಬಿಡಬೇಡಿ."

"ನಮ್ಮ ಮೇಲೆ ನಾವೇ ಕೇಸ್ ಹಾಕ್ಕೊಂಡ್ರೆ ಒಂದೇ ಲಾಭ, ಆರೋಪಿ ಹಿಡಿಯೋಕೆ ಓಡಬೇಕಾಗಿಲ್ಲ," ಎಂದು ಗೊಣಗುತ್ತ ದಫೇದಾರರು ಬರೆದರು. ಎಂಟು ಗಂಟೆಗೆ ಎಫ್‌ಐಆರ್ ಆಯಿತು.

ಮೋರಿಯ ಹತ್ತಿರ ರಸ್ತೆ ಕೆಲಸದ ಇಬ್ಬರನ್ನು ಪಂಚರಾಗಿ ನಿಲ್ಲಿಸಿ ಪಂಚನಾಮೆ ನಡೆಸಿದರು. ಸೈಕಲ್ಲಿಗೆ ಸ್ಟ್ಯಾಂಡು ಹಾಕಿತ್ತು. ಅಂದರೆ ಯಾರೂ ಕೆಡವಿಲ್ಲ, ಮೇಷ್ಟ್ರೇ ಇಳಿದು ನಿಲ್ಲಿಸಿದ್ದಾರೆ. ಮೈಮೇಲೆ ಗುಂಡಿನ ಗಾಯವಿಲ್ಲ, ಏಟಿನ ಗುರುತಿಲ್ಲ. ಬಾಯಿಯ ಮೂಲೆಯಲ್ಲಿ ನೊರೆ ಒಣಗಿತ್ತು. ಚೀಲದಲ್ಲಿ ಮನೆಯಿಂದ ತಂದ ರೊಟ್ಟಿ ಕಟ್ಟಿದ ಹಾಗೇ ಇತ್ತು. ನೀರಿನ ಬಾಟಲಿ ಕತ್ತಿನವರೆಗೂ ತುಂಬಿತ್ತು.

ಮಧ್ಯಾಹ್ನ ಆಸ್ಪತ್ರೆಯ ಡಾಕ್ಟರು ಕೈ ತೊಳೆದುಕೊಳ್ಳುತ್ತ ಹೇಳಿದರು, "ಹೊಟ್ಟೆ ತುಂಬ ಊಟ ಇದೆ. ಅದರಲ್ಲಿ ಬೆಳೆಗೆ ಹೊಡೆಯೋ ಔಷಧಿ. ಉಂಡು ಸ್ವಲ್ಪ ಹೊತ್ತಿಗೇ ಜೀವ ಹೋಗಿದೆ. ನಿನ್ನೆ ಸಂಜೆ ಇರಬೇಕು."

ಅಷ್ಟರಲ್ಲಿ ಎರಡು ಫೋನು ಬಂದವು. ಮೊದಲನೆಯದು ಕಾಡಿನಿಂದ, ಗಂಡಸಿನ ದನಿ. "ಕೊಂದೋರು ಯಾರು ಅಂತ ನಾಳೆ ಸಂಜೆಯೊಳಗೆ ಹೇಳಿ. ಇಲ್ದಿದ್ರೆ ನಮ್ಮಲ್ಲಿ ಒಬ್ರೂ ಇಳಿಯಲ್ಲ." ಎರಡನೆಯದು ಮೇಲಧಿಕಾರಿಗಳದು.

"ಬೆಟ್ಟದವರು ಅಂತ ಬರೆದು ಮುಗಿಸಮ್ಮಾ. ಮೊದಲಿಂದ್ಲೂ ಮಾತುಕತೆಗೆ ಅಡ್ಡಗಾಲು ಹಾಕ್ತಿರೋರು ಅವರೇ."

"ಹಾಗೆ ಬರೆದ್ರೆ ನಾಳೆ ಬೆಟ್ಟ ಹೊತ್ತಿ ಉರಿಯುತ್ತೆ ಸಾರ್. ಅವರು ಗುಂಡು ಹೊಡೆಯೋ ಜನ. ಎಲೆ ಹಾಕಿ, ಊಟ ಬಡಿಸಿ ಕೊಲ್ತಾರಾ?"

ಫೋನು ಇಟ್ಟು ಆಸ್ಪತ್ರೆಯ ಜಗಲಿಗೆ ಬಂದರು. ಮೇಷ್ಟ್ರ ಮಗಳು ಕಂಬಕ್ಕೆ ಒರಗಿ ಕೂತಿದ್ದಳು.

"ನಿಮ್ಮಪ್ಪ ನಿನ್ನೆ ಎಲ್ಲಿ ಉಂಡ್ರು?"

"ಎಲ್ಲೂ ಉಣ್ಣಲ್ಲ ಅವರು. ಯಾವ ಕಡೆಯವರು ಯಾವಾಗ ಏನು ಹಾಕ್ತಾರೋ ಅಂತ ಹೊರಗೆ ಹನಿ ನೀರು ಮುಟ್ತಿರಲಿಲ್ಲ. ನಿಮ್ಮ ಠಾಣೇಲೂ ಒಂದು ದಿನ ಚಹಾ ಕುಡಿದಿಲ್ಲ, ನೆನಪಿದೆಯಾ?"

ನೆನಪಿತ್ತು. ಅದೆಷ್ಟು ಸಲ ಒತ್ತಾಯ ಮಾಡಿದ್ದರೂ ಮೇಷ್ಟ್ರು ನಕ್ಕು ಲೋಟ ಸರಿಸುತ್ತಿದ್ದರು.

"ನಿನ್ನೆ ಉಂಡಿದ್ದಾರೆ ತಾಯೀ. ಹೊಟ್ಟೆ ತುಂಬ. ಬೇಡ ಅನ್ನದೆ ಯಾರ ಮನೇಲಿ ಊಟಕ್ಕೆ ಕೂರ್ತಾರೆ ಅವರು?"

"ಯಾರ ಮನೇಲೂ ಇಲ್ಲ. ದೊಡ್ಡತ್ತೆ ಮನೇಲಿ ಬಿಟ್ರೆ. ಅದನ್ನ ನಾವು ಹೊರಗೆ ಅಂತ ಲೆಕ್ಕ ಹಾಕಲ್ಲ, ಅಮ್ಮ ಹೋದ ಮೇಲೆ ನನ್ನನ್ನ ಸಾಕಿದ್ದೇ..."

ಅಲ್ಲಿಗೆ ನಿಂತಳು. ತಾನು ಆಡಿದ ಮಾತು ಆಗ ಅವಳ ಕಿವಿಗೆ ಬಿದ್ದಿತ್ತು. ಇನ್‌ಸ್ಪೆಕ್ಟರಮ್ಮನ ಮುಖ ನೋಡಿದಳು. ಇಲ್ಲ ಅನ್ನಿ ಎಂದು ಬೇಡುವ ಹಾಗೆ ನೋಡಿದಳು. ಇನ್‌ಸ್ಪೆಕ್ಟರಮ್ಮ ದಫೇದಾರರನ್ನು ಕರೆದು ಜೀಪು ತರಲು ಹೇಳಿದರು.

ದೊಡ್ಡತ್ತೆ ಅಂದರೆ ಮೇಷ್ಟ್ರ ಅಕ್ಕ, ಹಾಸಿಗೆ ಹೊಲಿಯುವವಳು. ಊರ ಕೊನೆಯ ಬೀದಿಯ ಕೊನೆಯ ಮನೆ, ಅದರಾಚೆ ಕಾಡಿನ ದಾರಿ. ಶರಣಾಗಿ ಬಂದವರ ಶಿಬಿರಕ್ಕೆ ಹಾಸಿಗೆ ಕೊಡುತ್ತಿದ್ದವಳೂ ಅವಳೇ. ನಾಲ್ಕು ಗಂಟೆಗೆ ಜೀಪು ನಿಂತಾಗ ಅವಳು ಹತ್ತಿ ಬಿಡಿಸುತ್ತಿದ್ದಳು. ಕೋಣೆಯ ತುಂಬ ಎಳೆ ತೇಲುತ್ತಿತ್ತು. ಗೋಡೆಗೆ ಒರಗಿಸಿದ್ದ ಹಾಸಿಗೆಗಳಲ್ಲಿ ಒಂದು ಮಾತ್ರ ಉಳಿದವಕ್ಕಿಂತ ದಪ್ಪಗಿತ್ತು. ಅದರ ಮೇಲೆ ಮೀಸೆ ಚಿಗುರದ ಹುಡುಗನ ಪಟ.

"ನಿನ್ನೆ ತಮ್ಮ ಬಂದಿದ್ರಾ ಅಕ್ಕಾ?"

"ಬಂದಿದ್ದ."

"ಊಟ ಹಾಕಿದ್ರಾ?"

"ಹಾಕ್ದೆ."

"ಊಟದಲ್ಲಿ ಏನಿತ್ತು?"

"ನೀವು ಆಸ್ಪತ್ರೆಯಿಂದ ತಾನೇ ಬರ್ತಿರೋದು? ಡಾಕ್ಟ್ರು ಹೇಳಿಲ್ವಾ?"

ದಫೇದಾರರು ಹೊಸಿಲ ಮೇಲೆ ಕೂತು ನೋಟ್‌ಬುಕ್ಕು ಬಿಚ್ಚಿದರು. ಇನ್‌ಸ್ಪೆಕ್ಟರಮ್ಮ ಮುದುಕಿಯ ಎದುರಿಗೆ ನೆಲದ ಮೇಲೆ ಕೂತರು.

"ಯಾಕೆ?"

ಮುದುಕಿ ಪಟ ತೋರಿಸಿದಳು. "ನನ್ನ ಮಗ. ಹದಿನಾರಕ್ಕೆ ಕಾಡಿಗೆ ಹೋದ. ತಮ್ಮ ಹೋಗಿ ಬಂದಾಗಲೆಲ್ಲ ಅವನ ಮಾತು ತರ್ತಿದ್ದ. ಮೊದಮೊದಲು ಹಠದ ಮಾತು, ನಾನು ಬರಲ್ಲ, ಕರೀಬೇಡ ಅಂತ. ಬರ್ತಾ ಬರ್ತಾ ಮೆತ್ತಗಾದ. ಅಮ್ಮನಿಗೆ ಮಂಡಿ ನೋವು ಹೇಗಿದೆ ಅಂತ ಕೇಳೋನಂತೆ. ಹೋದ ವರ್ಷ ಕನ್ನಡಕ ಬಂದಿದೆ ಅಂದ. ನಾನು ನಕ್ಕೆ, ಅವರಪ್ಪಂದೇ ಕಣ್ಣು ಅಂತ."

"ಆಮೇಲೆ?"

"ಮೊನ್ನೆ ಭಾನುವಾರ ಶಿಬಿರದ ಹುಡುಗಿ ಒಬ್ಳು ದಿಂಬು ಒಯ್ಯೋಕೆ ಬಂದಳು. ಮೊದಲನೇ ತಂಡದವಳು. ಪಟ ನೋಡಿ ನಿಂತ್ಕೊಂಡ್ಳು. 'ಇವನ ತಾಯಿ ನೀವಾ ಅಜ್ಜೀ? ಇವನಿಗೆ ಗುಂಡಿ ತೋಡ್ದೋರಲ್ಲಿ ನಾನೂ ಇದ್ದೆ' ಅಂದಳು. ಕಾಡಿಗೆ ಹೋದ ಮೂರನೇ ವರ್ಷಕ್ಕೇ ಅಂತೆ. ಪೊಲೀಸರಿಗೆ ಸುದ್ದಿ ಕೊಟ್ಟ ಅಂತ ಅವರವರೇ ಕೊಂದರಂತೆ. ನನ್ನ ತಮ್ಮ ಅಲ್ಲೇ ಇದ್ದನಂತೆ, ಕಾಲು ಹಿಡಿದು ಬೇಡಿದನಂತೆ."

ಅವಳು ಕೈಗೆ ಅಂಟಿದ ಹತ್ತಿ ಬಿಡಿಸಿಕೊಂಡಳು.

"ಬೇಡಿದ್ದಕ್ಕೆ ನನಗೆ ಸಿಟ್ಟಿಲ್ಲ. ಸತ್ತೋನನ್ನ ಅವನು ಬರೀ ಬಾಯಲ್ಲೇ ಬೆಳೆಸಿಬಿಟ್ಟ ನೋಡಿ. ಮೀಸೆ ಬರಿಸಿದ, ಕನ್ನಡಕ ಹಾಕಿಸಿದ. ಆ ಮಗನಿಗೆ ನಾನು ಹಾಸಿಗೆ ಹೊಲಿದು ಇಟ್ಕೊಂಡೆ, ದಪ್ಪಕ್ಕೆ. ನಿನ್ನೆ ಬಂದ. ಹೇಗಿದ್ದಾನೋ ಅಂದೆ. ಚೆನ್ನಾಗಿದ್ದಾನೆ ಅಕ್ಕಾ ಅಂದ. ಗುರುವಾರ ಬರ್ತಾನಾ ಅಂದೆ. ಈ ಸಲ ಇಲ್ಲ, ಮುಂದಿನ ತಂಡದಲ್ಲಿ ಅಂದ. ತಟ್ಟೆ ಕೈಯಲ್ಲಿ ಹಿಡ್ಕೊಂಡೇ ಕೇಳ್ದೆ, ನಿಜ ಹೇಳೋ, ನಾನು ನಿನ್ನ ಅಕ್ಕ. 'ನಿನ್ನ ಹತ್ರ ಸುಳ್ಳು ಹೇಳ್ತೀನಾ?' ಅಂದ. ನಿಜ ಹೇಳಿದ್ದಿದ್ರೆ ತಟ್ಟೆ ಚೆಲ್ತಿದ್ದೆ ಕಣಮ್ಮಾ. ಕೆಳಗಿಟ್ಟೆ."

ಹಿತ್ತಲಿನಲ್ಲಿ ಔಷಧಿಯ ಬಾಟಲಿ ಸಿಕ್ಕಿತು. ಪಕ್ಕದ ಮನೆಯವರನ್ನು ಕರೆದು ಪಂಚನಾಮೆ ಬರೆಸಿ ಜಪ್ತಿ ಮಾಡಿದರು. ಹೊತ್ತು ಮುಳುಗುವ ಮೊದಲೇ ದಸ್ತಗಿರಿ ಆಯಿತು. ಜೀಪು ಹತ್ತುವಾಗ ಮಂಡಿ ನೋವಿಗೆ ಅವಳಿಗೆ ಕಾಲು ಎತ್ತಲಾಗಲಿಲ್ಲ. ಇನ್‌ಸ್ಪೆಕ್ಟರಮ್ಮ ತೋಳು ಕೊಟ್ಟು ಹತ್ತಿಸಿದರು.

ಬುಧವಾರ ಕಾಡಿನ ಫೋನು ಬಂತು. ಇನ್‌ಸ್ಪೆಕ್ಟರಮ್ಮ ಮುಚ್ಚಿಡಲಿಲ್ಲ. "ಕೊಂದಿದ್ದು ಅವರಕ್ಕ. ಯಾಕೆ ಅನ್ನೋದು ನನಗಿಂತ ನಿಮಗೆ ಗೊತ್ತು. ನೀವು ಹೂತಿರೋ ಹುಡುಗ ಆಕೆ ಮಗ."

ಅದೇ ದನಿ, ಬೇರೆ ಯಾರದೋ ಅನ್ನುವ ಹಾಗೆ. "ಆ ಹುಡುಗನ ವಿಷಯ ಬಾಯಿ ಬಿಟ್ರೆ ಮಾತುಕತೆ ಅಲ್ಲಿಗೇ ಮುಗೀತು ಅಂತ ಮೇಷ್ಟ್ರಿಗೆ ನಾವೇ ಹೇಳಿದ್ವಿ."

ಗುರುವಾರ ಹತ್ತು ಗಂಟೆಗೆ ಎರಡನೆಯ ತಂಡ ಇಳಿಯಿತು. ಬರುತ್ತೇವೆ ಎಂದಿದ್ದವರಲ್ಲಿ ಅರ್ಧ ಜನ ಬಂದರು. ಅವರು ಬಂದೂಕು ಇಳಿಸಿದ ಮೈದಾನದ ಕಡೆ ಊರಿನವರು ಯಾರೂ ಹೋಗಲಿಲ್ಲ. ಬೆಳಿಗ್ಗೆಯಿಂದ ಠಾಣೆಯ ಮುಂದೆ ಹೆಂಗಸರು ನಿಂತಿದ್ದರು. ಕಾಡಿಗೆ, ಬೆಟ್ಟಕ್ಕೆ ಮಕ್ಕಳನ್ನು ಕಳಕೊಂಡವರು. ಎಲ್ಲರ ಮನೆಗೂ ಮೇಷ್ಟ್ರು ಮಾತು ತಂದಿದ್ದರು.

"ನಮ್ಮ ಹುಡುಗಿ ಹೋದ ತಿಂಗಳು ಹೇಳಿ ಕಳಿಸಿದ್ಲು ತಾಯೀ," ಎಂದು ಮುಂದಿದ್ದವಳು ಇನ್‌ಸ್ಪೆಕ್ಟರಮ್ಮನ ಕೈ ಹಿಡಿದಳು. "ಹಲ್ಲು ನೋವು ವಾಸಿ ಆಯ್ತು ಅಂತ. ಅದು ಅವಳೇ ಹೇಳಿದ್ದಾ?"

ಅದಕ್ಕೆ ಉತ್ತರ ಹೇಳಬಲ್ಲವರು ಆಸ್ಪತ್ರೆಯ ಶವಾಗಾರದಲ್ಲಿದ್ದರು. ಇನ್‌ಸ್ಪೆಕ್ಟರಮ್ಮ ಅವಳ ಮಗಳ ಹೆಸರು ಕೇಳಿ ಬರೆದುಕೊಂಡರು.

ಶುಕ್ರವಾರ, ಕೋರ್ಟು ಕೊಟ್ಟ ಕಸ್ಟಡಿ ಮುಗಿದು, ಮುದುಕಿಯನ್ನು ಜೈಲಿಗೆ ಕಳಿಸಿದರು. ವರದಿಯಲ್ಲಿ ಕೊಲೆಯ ಕಾರಣ ಎಂಬಲ್ಲಿ ಇನ್‌ಸ್ಪೆಕ್ಟರಮ್ಮ ಬರೆದದ್ದು ಇಷ್ಟೇ: ಮೃತನು ಆರೋಪಿಯ ಮಗ ಬದುಕಿದ್ದಾನೆಂದು ನಂಬಿಸುತ್ತ ಬಂದಿದ್ದು, ಕೊನೆಯದಾಗಿ ಕೇಳಿದಾಗಲೂ ನಿಜ ಹೇಳಲಿಲ್ಲ.

ಮೇಷ್ಟ್ರ ಮಗಳು ಬಂದು, ಪೊಲೀಸರು ಎಂದು ಬರೆಸಿದ್ದನ್ನು ತಿದ್ದಿ ಎಂದಳು. ಎಫ್‌ಐಆರ್ ತಿದ್ದಲು ಬರುವುದಿಲ್ಲವೆಂದು ದಫೇದಾರರು ಮರುಹೇಳಿಕೆ ಬರೆದುಕೊಂಡರು. ಸಹಿ ಹಾಕಿ ಎದ್ದಳು.

"ದೊಡ್ಡತ್ತೆಯನ್ನ ನೋಡೋಕೆ ಹೋಗ್ತೀಯಾ?" ಇನ್‌ಸ್ಪೆಕ್ಟರಮ್ಮ ಕೇಳಿದರು.

"ಬರಿಗೈಲಿ ಹೋಗಲ್ಲ. ಮೊದಲು ಅತ್ತೆ ಮಗನ್ನ, ನಮ್ಮ ಭಾವನ್ನ, ಆ ಗುಂಡಿಯಿಂದ ಮನೆಗೆ ತರ್ತೀನಿ."

ಭಾನುವಾರ ಅಪ್ಪನ ಮಣ್ಣು ಮುಗಿಸಿದಳು. ದಾರಿ ತೋರಿಸಲು ಶಿಬಿರದ ಹುಡುಗಿ ಜೊತೆಗೆ ಬಂದಳು. ಹೆಗಲ ಮೇಲೆ ಗುದ್ದಲಿ ಇಟ್ಟುಕೊಂಡು ಅವರಿಬ್ಬರೂ ಕಾಡಿಗೆ ಹೊರಟದ್ದು ಸೋಮವಾರ.