ಕೊನೆಯ ಪೆಟ್ಟಿಲ್ಲದ ಹಾಡು

"ಏನಾದ್ರೂ ಕತ್ತರ್ಸು ಮಗಾ, ಆ ಕೊನೆ ಪೆಟ್ಟು ಮಾತ್ರ ಮುಟ್ಬೇಡ," ಎಂದ ಮಾಯಣ್ಣ, ತಮಟೆಯನ್ನು ಗೋಡೆಗೆ ಒರಗಿಸುತ್ತ.

ಮಾನ್ಯ ಕಂಪ್ಯೂಟರಿನಿಂದ ಕಣ್ಣು ತೆಗೆಯದೆ ನಕ್ಕಳು. "ಮುಟ್ಟಿದ್ರೆ? ಹೆಣ ಎದ್ದು ಕೂರುತ್ತಾ?"

"ಕೂರಲ್ಲ. ಹೋಗಲ್ಲ."

"ಗುರು, ಅಮಾವಾಸ್ಯೆ ದಿನ ಸ್ಮಶಾನದಲ್ಲಿ ಬಿರಿಯಾನಿ ತಿಂದು ಫೋಟೊ ಹಾಕಿದ್ದು ನೀನೇ ತಾನೆ?"

"ದೆವ್ವ ಗಿವ್ವ ನಾನೂ ನಂಬಲ್ಲ. ಆದ್ರೆ ಇದು ಸಾವಿನ ಬಡಿತ. ಹೆಣ ಇದರ ಜೊತೇಲೇ ನಡ್ಕೊಂಡು ಬರುತ್ತೆ. ಮಣ್ಣು ಹಾಕಿದ್ಮೇಲೆ ಒಂದು ಪೆಟ್ಟು ಹೊಡ್ದು, ಹೋಗಪ್ಪಾ ಅಂತ ಕಳಿಸ್ಬೇಕು. ಇಲ್ದಿದ್ರೆ ದಾರೀಲೇ ನಿಂತಿರ್ತಾರೆ ಅಂತಾಳೆ ನಮ್ಮವ್ವ." ಬಾಗಿಲ ಬಳಿ ಅವನು ತಡೆದ. "ನಮ್ಮಪ್ಪಂದು ಕಣೇ ಅದು. ಅಷ್ಟೇ ಕೇಳೋದು."

"ಆಯ್ತು ಹೋಗೋ, ತಮಟೆ ಸ್ವಾಮೀಜಿ. ಅದನ್ನ ಇಲ್ಲೇ ಬಿಡು, ಮಳೆ ಬರೋ ಹಾಗಿದೆ," ಎಂದಳು.

ಎರಡು ತಂಡಗಳು ಕೂಡಿ ಮಾಡುತ್ತಿದ್ದ ಆಲ್ಬಮ್ ಅದು. ಮಾನ್ಯಳ 'ಕಡುಗಪ್ಪು' ಬಸವನಗುಡಿಯ ಡೂಮ್ ಮೆಟಲ್ ತಂಡ. ಬಂಡೆ ಉರುಳಿದಂತೆ ನಿಧಾನ, ಭಾರ. ಮಾಯಣ್ಣನ 'ತೊಗಲು' ಚಾಮರಾಜಪೇಟೆಯ ಹಾರ್ಡ್‌ಕೋರ್ ತಂಡ. ಡ್ರಮ್ಮಿನ ಪಕ್ಕದಲ್ಲೇ ತಮಟೆ, ಹಾಡೆಂದರೆ ಗಂಟಲು ಹರಿಯುವ ಕೂಗು. ಆಲ್ಬಮ್ಮಿನ ಕೊನೆಯ ಹಾಡು ಮಾಯಣ್ಣನ ಅಪ್ಪ ಪಿಳ್ಳಪ್ಪನ ಸಾವಿನದು. ಅವನನ್ನು ಮ್ಯಾನ್‌ಹೋಲಿಗೆ ಇಳಿಸಿದ್ದರು. ಒಳಗೆ ವಿಷಗಾಳಿ. ಬಾಯಿಯ ಅಂಚಿನವರೆಗೆ ಹತ್ತಿಬಂದು, ಅಲ್ಲಿಂದ ಮತ್ತೆ ಒಳಕ್ಕೆ ಬಿದ್ದಿದ್ದ. ಮೇಲೆ ನಿಂತಿದ್ದ ಗುತ್ತಿಗೆದಾರ ಮೂಗು ಮುಚ್ಚಿಕೊಂಡು ಫೋನಿನಲ್ಲಿ ಮಾತಾಡುತ್ತಿದ್ದ. ಗಲಾಟೆಯಾದೀತೆಂದು ಹೆಣವನ್ನು ಆಸ್ಪತ್ರೆಯಿಂದ ನೇರವಾಗಿ ಸಾಗಿಸಿ ಮಣ್ಣು ಮಾಡಿಸಿದರು. ಊರವರ ಸಾವಿಗೆಲ್ಲ ತಮಟೆ ಬಡಿದ ಮನುಷ್ಯನ ಸಾವಿಗೆ ಒಂದು ಪೆಟ್ಟೂ ಬೀಳಲಿಲ್ಲ. ಅಂದು ಬೀಳದ ಬಡಿತವನ್ನು ಮಾಯಣ್ಣ ಇವತ್ತು ಮಾನ್ಯಳ ಮನೆಯ ಹಿಂದಿನ ಕೋಣೆಯಲ್ಲಿ, ಮೈಕಿನ ಮುಂದೆ ಬಡಿದು ಮುಗಿಸಿದ್ದ.

ಆದರೆ ಆ ಮುಕ್ತಾಯವೇ ಮಾನ್ಯಳಿಗೆ ಬೇಡವಾಗಿತ್ತು. ಹಾಡು ಮುಗಿಯಲೇಬಾರದು, ಕೇಳುವವರ ಎದೆಯ ಮೇಲೆ ಕೂತೇ ಇರಬೇಕು. ಕೊನೆಯ ಪೆಟ್ಟು ಇದ್ದರೆ, ಮುಗಿದಲ್ಲಿಂದ ಮತ್ತೆ ಮೊದಲಿಗೆ ಸುತ್ತುವ ಲೂಪ್ ಕೂಡುವುದಿಲ್ಲ, ಎಡವಿದಂತೆ ಕೇಳುತ್ತದೆ. ಅವಳು ಆ ತುಣುಕನ್ನು ಗುರುತು ಮಾಡಿದಳು. ಅಳಿಸಿದಳು. ಬಾಲವನ್ನು ತಲೆಗೆ ಅಂಟಿಸಿದಳು. ಹೆಡ್‌ಫೋನ್ ಏರಿಸಿ, ದೀಪ ಆರಿಸಿ, ಕಣ್ಣು ಮುಚ್ಚಿ ಕೂತಳು.

ಹೊರಗೆ ಮಧ್ಯಾಹ್ನ. ಒಳಗೆ, ದಪ್ಪ ಸ್ಪಂಜು ಹೊದ್ದ ಆ ಗೋಡೆಗಳ ನಡುವೆ, ಬಾವಿಯ ತಳದ ಕತ್ತಲು.

ಬಡಿತ ಸುತ್ತತೊಡಗಿತು. ಸುತ್ತು ಮುಗಿಯುವಲ್ಲಿಯೇ ಮತ್ತೆ ಶುರು. ಚೆನ್ನಾಗಿತ್ತು. ಭಯವಾಗುವಷ್ಟು ಚೆನ್ನಾಗಿತ್ತು. ಆಮೇಲೆ ಎರಡು ಪೆಟ್ಟುಗಳ ಸಂದಿಯಲ್ಲಿ ಏನೋ ಕೇಳಿಸಿತು. ಒದ್ದೆ ಕಾಲು ಕಬ್ಬಿಣಕ್ಕೆ ತಾಗಿದ ಸದ್ದು. ಒಂದು ಏದುಸಿರು. ಇನ್ನೊಂದು. ಮೇಲಕ್ಕೆ, ಮೇಲಕ್ಕೆ, ಅವಳ ಕಿವಿಯ ಹತ್ತಿರಕ್ಕೆ. ಸುತ್ತು ಕೂಡುವ ಜಾಗದಲ್ಲಿ ಉಸಿರು ಕಡಿಯಿತು. ದೂರ, ಬಹಳ ಕೆಳಗೆ, ಕೆಸರಿಗೆ ಏನೋ ಭಾರವಾದದ್ದು ಬಿತ್ತು.

ಮತ್ತೆ ಕಾಲಿನ ಸದ್ದು.

ಅವಳು ಹೆಡ್‌ಫೋನ್ ಕಿತ್ತಳು. ಬಡಿತ ನಿಲ್ಲಲಿಲ್ಲ. ಸ್ಪೇಸ್ ಬಾರ್ ಒತ್ತಿದಳು. ಸ್ಪೀಕರಿನ ಪ್ಲಗ್ ಎಳೆದಳು. ಸದ್ದು ಅದರಲ್ಲಿರಲಿಲ್ಲ, ನೆಲದಡಿಯಲ್ಲಿತ್ತು. ಕೋಣೆ ನಾರತೊಡಗಿತು. ಕೊಳೆತ ಮೊಟ್ಟೆ, ಹಳೆಯ ಮೂತ್ರ, ಸೀಗೆಪುಡಿ ಬೆರೆತ ಬಚ್ಚಲು ನೀರು. ಬಸವನಗುಡಿಯ ಮನೆಮನೆಯೂ ಕೆಳಕ್ಕೆ ಬಿಟ್ಟು ಮರೆತದ್ದೆಲ್ಲ ಅಲ್ಲಿ ಉಸಿರಾಡುತ್ತಿತ್ತು.

ಅಜ್ಜಿ ವಿಶಾಲಾಕ್ಷಮ್ಮ ಬಾಗಿಲು ತೆರೆದು ಸೆರಗನ್ನು ಮೂಗಿಗೆ ಒತ್ತಿಕೊಂಡರು. "ಮಾಟ ಕಣೇ ಇದು! ಆ ತಮಟೆಯವರು ಮಾಡ್ಸಿದಾರೆ. ಅವರನ್ನ ಒಳಗೆ ಬಿಟ್ಕೋಬೇಡ ಅಂತ ಬಡ್ಕೊಂಡೆ."

ಮಾನ್ಯಳಿಗೆ ಗೊತ್ತಿತ್ತು, ಮಾಟ ಮಾಡಿದ್ದು ಯಾರ ಬೆರಳೆಂದು. ಪ್ಲಗ್ ಮತ್ತೆ ಚುಚ್ಚಿ, ಅಳಿಸಿದ್ದನ್ನು ವಾಪಸ್ ತರಲು ನೋಡಿದಳು. ಪೆಟ್ಟಿನ ತುಣುಕು ಪರದೆಗೆ ಬಂತು. ಅದರಲ್ಲಿ ಸದ್ದೇ ಇರಲಿಲ್ಲ. ಸಪಾಟಾದ ಗೆರೆಯಷ್ಟೇ.

ಫೋನು ಹೊಡೆದುಕೊಂಡಿತು. ಮಾಯಣ್ಣನ ತಾಯಿ ಅಂಜಮ್ಮ.

"ಅವ್ನ ಕೈ ನಿಲ್ತಿಲ್ಲ ಕಣವ್ವಾ. ಏನ್ ಮಾಡ್ದೆ ನೀನು?"

ಮಾನ್ಯ ತಮಟೆಯನ್ನು ಹಳೆಯ ಬೆಡ್‌ಶೀಟಿನಲ್ಲಿ ಸುತ್ತಿ ಎದೆಗವಚಿಕೊಂಡು ಆಟೋ ಹತ್ತಿದಳು. ದಾರಿಯಲ್ಲಿ ಪ್ರತಿ ಮ್ಯಾನ್‌ಹೋಲಿನ ಮುಚ್ಚಳವೂ ಒಳಗಿನಿಂದ ತಟ್ಟಿಸಿಕೊಳ್ಳುತ್ತಿತ್ತು. ಡ್ರೈವರಿಗೆ ಕೇಳಿಸಲಿಲ್ಲ.

ಚಾಮರಾಜಪೇಟೆಯ ಆ ಒಂಟಿಕೋಣೆಯಲ್ಲಿ ಮಾಯಣ್ಣ ಗೋಡೆಗೆ ಮುಖ ಮಾಡಿ ಕೂತಿದ್ದ. ಎರಡೂ ಕೈ ಗೋಡೆಯನ್ನು ಬಡಿಯುತ್ತಿದ್ದವು. ಅದೇ ಬಡಿತ. ಸುಣ್ಣದ ಮೇಲೆ ರಕ್ತ. ಬೆರಳುಗಳ ಚರ್ಮ ಸುಲಿದು ಬಿಳಿ ಕಾಣುತ್ತಿತ್ತು. ಅಂಜಮ್ಮ ಅವನ ತೋಳಿಗೆ ಜೋತುಬಿದ್ದಿದ್ದಳು. ತೋಳು ಅವಳನ್ನೂ ಎತ್ತಿ ಬಡಿಯುತ್ತಿತ್ತು.

"ಅಪ್ಪ ಹತ್ತುತಾವ್ನೆ," ಎಂದ ಮಾಯಣ್ಣ, ಹಲ್ಲು ಕಚ್ಚಿ. "ಅಂಚಿಗೆ ಬತ್ತಾನೆ. ಬೀಳ್ತಾನೆ. ಮತ್ತೆ ಹತ್ತುತಾನೆ. ಎಷ್ಟ್ ಸಲ ಸಾಯಿಸ್ತೀಯ ಮಗಾ ಅವನ್ನ?"

"ಸಾರಿ ಮಾಯಣ್ಣ, ನಾನು ಬರೀ ಲೂಪ್..."

"ಸಾರಿ ಆಮೇಲೆ ಹೇಳು," ಎಂದಳು ಅಂಜಮ್ಮ. "ನಾನು ತಟ್ಟೆ ತಗೊಂಡು ಹೊಡ್ದೆ, ಪಕ್ಕದ್ಮನೆ ತಮಟೆ ತಂದು ಹೊಡ್ದೆ. ಕೇಳ್ಲಿಲ್ಲ. ಪೆಟ್ಟು ಕಿತ್ಕೊಂಡೋರೇ ಕೊಡ್ಬೇಕು. ಹೊಡಿ."

ಮಾನ್ಯ ಬೆಡ್‌ಶೀಟು ಬಿಚ್ಚಿದಳು. ಕೈ ಅಲ್ಲೇ ನಿಂತಿತು. ಜಾತಿಯ ಕೊಬ್ಬಿನ ಮೇಲೆ ಹಾಡು ಬರೆದವಳು, ವೇದಿಕೆಯಲ್ಲಿ ಮುಷ್ಟಿ ಎತ್ತಿದವಳು. ಇಷ್ಟು ತಿಂಗಳಲ್ಲಿ ಈ ತೊಗಲಿನ ಮುಂದೆ ಮೈಕು ಇಟ್ಟಿದ್ದಳು, ಫೋಟೊ ತೆಗೆದಿದ್ದಳು. ಬೆರಳು ತಾಗಿಸಿರಲಿಲ್ಲ. ಈಗಲೂ ಬೆಡ್‌ಶೀಟು ಸುತ್ತಿ ತಂದಿದ್ದಳು, ಅದು ಮೈಗೆ ಸೋಕದ ಹಾಗೆ. ತಾನು ಹಾಗೆ ಮಾಡಿದ್ದು ಅವಳಿಗೆ ಈ ಕ್ಷಣದವರೆಗೆ ಗೊತ್ತೇ ಇರಲಿಲ್ಲ. ಅಂಜಮ್ಮನ ಕಣ್ಣಿಗೆ ಗೊತ್ತಾಯಿತು.

"ಮುಟ್ಟವ್ವಾ. ಕಚ್ಚಲ್ಲ."

ನೆಲದಡಿಯಲ್ಲಿ ಕಾಲಿನ ಸದ್ದು. ಏದುಸಿರು. ಹತ್ತಿರ. ಇನ್ನೂ ಹತ್ತಿರ. ಬಚ್ಚಲ ತೂತಿನಿಂದ ಕಪ್ಪು ನೀರು ಉಕ್ಕಿತು. ನೀರಿನಲ್ಲಿ ಬೆರಳುಗಳು. ಉಗುರಿಲ್ಲದ ಬೆರಳುಗಳು. ಅಂಚನ್ನು ತಡವಿದವು. ಜಾರಿದವು. ಮಾಯಣ್ಣ ಅತ್ತ ತಿರುಗಿದ. "ಅಪ್ಪಾ!" ಎಂದ. ಬಡಿಯುತ್ತಿದ್ದ ಕೈಗಳನ್ನು ಕಿತ್ತು, ಕಪ್ಪು ನೀರಿಗೆ ಮೊಣಕೈವರೆಗೆ ಇಳಿಸಿದ.

ಮಾನ್ಯ ಹೊಡೆದಳು.

ಒಂದೇ ಪೆಟ್ಟು. ಒರಟು. ತಾಳವಿಲ್ಲದ್ದು. ಅಂಗೈ ಉರಿಯಿತು.

"ಹೋಗಪ್ಪಾ," ಎಂದಳು ಅಂಜಮ್ಮ ನೀರಿಗೆ, ಗಂಡನ ಹೆಸರು ಹಿಡಿದು, ಮೊದಲ ಬಾರಿಗೆ. "ಹೋಗು ಪಿಳ್ಳಪ್ಪಾ. ಸಾಕು ನೀ ಹತ್ತಿದ್ದು."

ನೀರು ಇಳಿಯಿತು. ನಾತವೂ ಇಳಿಯಿತು. ಓಣಿಯಲ್ಲಿ ಯಾರದೋ ಕುಕ್ಕರ್ ಕೂಗಿತು.

ಮಾಯಣ್ಣ ಹಿಂದಕ್ಕೆ ಒರಗಿದ. ಕೈಗಳು ಅವನ ಜೊತೆ ಏಳಲಿಲ್ಲ. ಒದ್ದೆ ಬಟ್ಟೆಯಂತೆ ನೆಲದ ಮೇಲೆ ಎಳೆದುಕೊಂಡು ಬಂದವು. ಮೊಣಕೈಯಿಂದ ಕೆಳಗೆ ಬಣ್ಣವಿಲ್ಲ, ಬಿಸಿಯಿಲ್ಲ. ಅಂಜಮ್ಮ ಬೆರಳು ಬೆರಳನ್ನೂ ಹಿಸುಕಿ ನೋಡಿದಳು. ಅವನು ಅಮ್ಮನನ್ನೇ ನೋಡುತ್ತಿದ್ದ, ಬೇರೆ ಯಾರದೋ ಕೈ ಹಿಸುಕುತ್ತಿರುವವಳನ್ನು ನೋಡುವಂತೆ.

"ಮಾಯಣ್ಣ..." ಮಾನ್ಯ ತಮಟೆಯನ್ನು ಕೆಳಗಿಟ್ಟಳು.

ಅವನು ಅವಳತ್ತ ತಿರುಗಿದ. ಸಿಟ್ಟಿರಲಿಲ್ಲ ಮುಖದಲ್ಲಿ. ಇದ್ದಿದ್ದರೆ ಚೆನ್ನಾಗಿತ್ತು.

"ಮೇಲಕ್ಕೆ ಬರೋಕೆ ಅಪ್ಪ ಕೈ ಕೇಳ್ದ. ಕೊಟ್ಟೆ." ತನ್ನ ಕೈಗಳನ್ನು ನೋಡಿಕೊಂಡು ಹೇಳಿದ: "ನೀನೂ ಕೈ ಕೊಟ್ಟೆ, ಮಗಾ."