ಕಲ್ಲಂಗಡಿ ಐಸು, ಮಲ್ಲಿಗೆ ಮೊಗ್ಗು

"ನಾ ಮುಟ್ಟಿಲ್ಲ ಅಂದ್ರ ಮುಟ್ಟಿಲ್ಲ. ಎಷ್ಟು ಸಲ ಹೇಳಬೇಕು ನಿಂಗ?"

"ನೀ ಮುಟ್ಟಿಲ್ಲಂದ್ರ ಫ್ರಿಜ್ಜಿಗೇನು ಕೈ ಬಂದಿದ್ವಾ? ಈ ಮನ್ಯಾಗ ತಣ್ಣನ ನೀರು, ತಣ್ಣನ ನೀರು ಅಂತ ಬಡಕಳ್ಳಾಂವ ನೀನೊಬ್ಬನ."

ಅವ್ವ ಒದ್ದೆ ಬಟ್ಟೆಯ ಗಂಟನ್ನು ಅಡುಗೆಮನೆಯ ನೆಲಕ್ಕೆ ಕುಕ್ಕಿದಳು. ಗಂಟು ತಾನಾಗಿ ಬಿಚ್ಚಿಕೊಂಡಿತು. ಒಳಗಿದ್ದ ಮಲ್ಲಿಗೆ ಮೊಗ್ಗುಗಳು ಬೆಳಿಗ್ಗೆ ಬೆಳ್ಳಗೆ ಗಟ್ಟಿಯಾಗಿದ್ದವು. ಈಗ ಅರ್ಧ ಗಾಜಿನ ಚೂರಿನಂತಾಗಿದ್ದವು. ಇನ್ನರ್ಧ ಬೇಯಿಸಿದ ಸೊಪ್ಪಿನ ಹಾಗೆ ಮೆತ್ತಗಾಗಿ ಕಂದು ನೀರು ಬಿಡುತ್ತಿದ್ದವು.

ಹುಲುಗೇಶ ಮಾವ ಸೊಂಟದ ಮೇಲೆ ಕೈಯಿಟ್ಟು ನಿಂತಿದ್ದ. ಅವನು ಅವ್ವನ ತಮ್ಮ. ಸಿಟ್ಟಿನಲ್ಲಿ ಅಕ್ಕನಿಗಿಂತ ಒಂದು ಕೂದಲೂ ಕಮ್ಮಿ ಇಲ್ಲ. ಬೋರ್‌ವೆಲ್ ಲಾರಿಯಲ್ಲಿ ಕೆಲಸ. ಲಾರಿ ಹತ್ತಿದನೆಂದರೆ ಎರಡು ಮೂರು ತಿಂಗಳು ಯಾರಿಗೂ ಮುಖ ತೋರಿಸುವವನಲ್ಲ. ಎಂಟು ದಿನ ರಜೆ ಸಿಕ್ಕಿತೆಂದು ಅಕ್ಕನ ಮನೆಗೆ ಬಂದಿದ್ದ. ಇವತ್ತು ಸಂಜೆ ಐದೂವರೆ ಬಸ್ಸಿಗೆ ಹೊರಡಬೇಕು.

ಮಗಳು ಕೋಮಲಾ ಬಾಗಿಲ ಹಿಂದೆ ನಿಂತು ಇದನ್ನೆಲ್ಲ ನೋಡುತ್ತಿದ್ದಳು. ಫ್ರಿಜ್ಜನ್ನು ಮುಟ್ಟಿದವಳು ಅವಳೇ.

ಅವ್ವ ಹಡಗಲಿ ಬಸ್‌ಸ್ಟ್ಯಾಂಡಿನಲ್ಲಿ ಹೂ ಮಾರುತ್ತಾಳೆ. ಮಲ್ಲಿಗೆ ಮೊಗ್ಗು ಬಹಳ ನಾಜೂಕು. ಸೆಕೆ ಆದರೆ ಸಂಜೆಯೊಳಗೆ ಅರಳಿಬಿಡುತ್ತದೆ. ಅದಕ್ಕೆ ಒದ್ದೆ ಬಟ್ಟೆಯಲ್ಲಿ ಸುತ್ತಿ ಫ್ರಿಜ್ಜಿನಲ್ಲಿ ಇಡಬೇಕು. ತಂಪು ಬೇಕು, ಆದರೆ ಹೆಪ್ಪುಗಟ್ಟಬಾರದು. ಹಾಗಾಗಿ ಫ್ರಿಜ್ಜಿನ ಒಳಗಿರುವ ನಂಬರಿನ ತಿರುಪು ಬೇಸಿಗೆ ಇರಲಿ ಚಳಿಗಾಲ ಇರಲಿ ಎರಡರ ಮೇಲೆಯೇ ನಿಂತಿರಬೇಕು. ಇದು ಆ ಮನೆಯ ಕಾನೂನು. ಅಪ್ಪ ಕೂಡ ಅದನ್ನು ಮುಟ್ಟುವ ಹಾಗಿಲ್ಲ. ಅಪ್ಪ ಗಾರೆ ಕೆಲಸಕ್ಕೆ ಹೊಸಪೇಟೆಗೆ ಹೋಗಿದ್ದಾನೆ, ಶನಿವಾರವೇ ಬರುವುದು.

ಇವತ್ತಿನ ಮೊಗ್ಗು ಮಾರುವುದಕ್ಕಲ್ಲ. ನಾಳೆ ಬೆಳಿಗ್ಗೆ ಹಿಂದಿನ ಓಣಿಯ ಶಿವಬಸಮ್ಮನ ಸೊಸೆಗೆ ಕುಬುಸದ ಕಾರ್ಯ. ಬಸುರಿ ಹೆಂಗಸಿಗೆ ಹಸಿರು ಸೀರೆ ಉಡಿಸಿ, ಬಳೆ ತೊಡಿಸಿ, ಮೊಗ್ಗಿನ ಜಡೆ ಹಾಕಿ ಕೂರಿಸುತ್ತಾರೆ. ಆ ಜಡೆಯನ್ನು ಹೊಲಿದು ಕೊಡುತ್ತೇನೆಂದು ಅವ್ವ ಮಾತು ಕೊಟ್ಟಿದ್ದಳು. ಬೇರೆ ಯಾರೂ ಬೇಡ, ನಿನ್ನ ಕೈಯದೇ ಆಗಬೇಕು ಎಂದು ಶಿವಬಸಮ್ಮ ಮನೆಗೆ ಬಂದು ಹೇಳಿ ಹೋಗಿದ್ದಳು. ಅವ್ವ ಅದನ್ನು ಮೂರು ದಿನದಿಂದ ಎಲ್ಲರಿಗೂ ಹೇಳಿಕೊಂಡು ತಿರುಗಿದ್ದಳು.

ಕೋಮಲಾ ಬೇಕೆಂದು ಏನೂ ಮಾಡಿರಲಿಲ್ಲ. ನಿನ್ನೆ ಮಾವ ಗೆಳೆಯನ ಹೊಲದಿಂದ ಸೈಕಲ್ಲಿಗೆ ಕಟ್ಟಿಕೊಂಡು ಒಂದು ದೊಡ್ಡ ಕಲ್ಲಂಗಡಿ ತಂದಿದ್ದ. ಅದರಲ್ಲಿ ಅರ್ಧ ಉಳಿದಿತ್ತು. ಹಣ್ಣಿನಿಂದ ಮನೆಯಲ್ಲೇ ಐಸ್‌ಕ್ಯಾಂಡಿ ಮಾಡಬಹುದು ಎಂದು ಕ್ಲಾಸಿನ ಶೃತಿ ಹೇಳಿಕೊಟ್ಟಿದ್ದಳು. ಬೀಜ ತೆಗೆದು, ಹಣ್ಣನ್ನು ಕಿವುಚಿ, ಸ್ವಲ್ಪ ಸಕ್ಕರೆ, ಅರ್ಧ ನಿಂಬೆಹಣ್ಣು, ಒಂದು ಚಿಟಿಕೆ ಉಪ್ಪು. ಅಷ್ಟೇ. ಸ್ಟೀಲ್ ಲೋಟಕ್ಕೆ ಸುರಿದು ಫ್ರೀಜರಿನಲ್ಲಿ ಇಡುವುದು.

ಮಧ್ಯಾಹ್ನದ ಬಿಸಿಲಲ್ಲಿ ಕೂತು ಕೂತು ಮನೆಗೆ ಬಂದ ಅವ್ವ ಮೊದಲು ತಲೆಯ ಮೇಲೆ ಒಂದು ಚೊಂಬು ನೀರು ಸುರಿದುಕೊಳ್ಳುತ್ತಾಳೆ. ದಾರ ಎಳೆದೂ ಎಳೆದೂ ಅವಳ ಬೆರಳ ತುದಿ ಸೀಳಿರುತ್ತದೆ. ಅವಳ ಕೈಗೆ ಒಂದು ತಣ್ಣನೆಯ ಲೋಟ ಕೊಡಬೇಕು. ಮಾವ ಹೊರಡುವ ಮುಂಚೆ ಅವನಿಗೂ ಒಂದು. ಕೋಮಲಾಳ ಆಸೆ ಇಷ್ಟೇ ಇತ್ತು.

ನಾಲ್ಕು ಲೋಟ ತುಂಬಿಸಿದಳು. ಚಮಚ ನೆಟ್ಟಗೆ ನಿಲ್ಲಲೆಂದು ಹಳೆಯ ನೋಟ್‌ಬುಕ್ಕಿನ ರಟ್ಟು ಕತ್ತರಿಸಿ, ತೂತು ಮಾಡಿ, ಮುಚ್ಚಳದ ಹಾಗೆ ಇಟ್ಟಳು. ಎರಡು ತಾಸಾದರೂ ಅದು ನೀರು ನೀರಾಗಿಯೇ ಇತ್ತು. ಆಗ ತಿರುಪು ಕಣ್ಣಿಗೆ ಬಿತ್ತು. ಏಳಕ್ಕೆ ತಿರುಗಿಸಿದಳು. ಐಸು ಗಟ್ಟಿಯಾದ ಮೇಲೆ ಮತ್ತೆ ಎರಡಕ್ಕೆ ತರುತ್ತೇನೆ ಎಂದುಕೊಂಡಳು. ಅಷ್ಟರಲ್ಲಿ ಓಣಿಯಲ್ಲಿ ಹುಡುಗಿಯರು ಕುಂಟೆಬಿಲ್ಲೆಗೆ ಕರೆದರು. ಹೋದಳು. ಮರೆತಳು.

ಈಗ ಅಡುಗೆಮನೆಯಲ್ಲಿ ಜಗಳ ಬೇರೆ ಕಡೆ ಹೊರಳಿತ್ತು. ಅವ್ವ ಹಳೆಯದನ್ನೆಲ್ಲ ಕೆದಕಿದಳು. ಮಾವ ಸಣ್ಣವನಿದ್ದಾಗ ರೇಡಿಯೋ ಬಿಚ್ಚಿ ಹಾಳು ಮಾಡಿದ್ದು, ಅವರ ಅಪ್ಪನ ಸೈಕಲ್ಲಿನ ಚೈನು ಹರಿದದ್ದು. ಮಾವನೂ ಬಿಡಲಿಲ್ಲ. ಈ ಮನೆಗೆ ಬರುವುದೇ ತಪ್ಪಾಯಿತು, ಒಂದು ಗ್ಲಾಸು ನೀರು ಕುಡಿಯಲೂ ಪರ್ಮಿಶನ್ ಬೇಕು ಅಂದ.

"ಇರು, ಅದರ ನಂಬರ್ ಎಷ್ಟರ ಮ್ಯಾಲೈತಿ ನಾನ ತೋರಸ್ತೀನಿ," ಅಂದವನೇ ಫ್ರಿಜ್ಜಿನ ಬಾಗಿಲು ಎಳೆದ. ತಿರುಪು ನೋಡಿದ. ಸಿಟ್ಟಿನಲ್ಲಿ ಫ್ರೀಜರಿನ ಬಾಗಿಲನ್ನೂ ತೆಗೆದ.

ನಾಲ್ಕು ಲೋಟ ಸಾಲಾಗಿ ನಿಂತಿದ್ದವು. ರಟ್ಟಿನ ಮೇಲೆ ಕೋಮಲಾಳ ಅಕ್ಷರ ಇತ್ತು. ಅವ್ವ. ಅಜ್ಜಿ. ಮಾವ. ನಾನು.

ಮಾವ ಮೆಲ್ಲಗೆ ಬಾಗಿಲ ಕಡೆ ನೋಡಿದ. ಕೋಮಲಾಳ ಕಣ್ಣು ಅವನ ಕಣ್ಣಿಗೆ ಸಿಕ್ಕಿತು. ಅವಳು ತಲೆ ತಗ್ಗಿಸಿದಳು.

ಮಾವ ಫ್ರೀಜರನ್ನು ಮುಚ್ಚಿ, ತಿರುಪನ್ನು ಎರಡಕ್ಕೆ ತಂದ.

"ಹೌದಕ್ಕ. ನಾನ ತಿರುವೀನಿ."

"ಹಂಗಾರ ಇಷ್ಟೊತ್ತು ಯಾಕ ವಾದ ಮಾಡಿದಿ, ಸುಳ್ಳ?"

"ನಿನ್ನ ಬಾಯಿಗಂಜಿ."

ಅವ್ವ ಇನ್ನೂ ಏನೇನೋ ಅಂದಳು. ಅವು ಬರೆಯುವಂಥ ಮಾತಲ್ಲ. ಮಾವ ಹೆಗಲ ಮೇಲಿನ ಟವೆಲನ್ನು ನೀರಲ್ಲಿ ಅದ್ದಿ ಹಿಂಡಿಕೊಂಡು ಸೈಕಲ್ಲು ಹತ್ತಿ ಹೋದ.

ಅವ್ವ ಹಾಳಾದ ಮೊಗ್ಗಿನ ಮುಂದೆ ಕುಕ್ಕರುಗಾಲಲ್ಲಿ ಕೂತಳು. ಈ ಹೊತ್ತಿನಲ್ಲಿ ಯಾವ ತೋಟದಲ್ಲೂ ಮೊಗ್ಗು ಸಿಗುವುದಿಲ್ಲ. ಎಲ್ಲ ಬೆಳಿಗ್ಗೆಯೇ ಬಿಡಿಸಿ ಮುಗಿದಿರುತ್ತದೆ. ಕೋಮಲಾ ಎರಡು ಸಲ ಹತ್ತಿರ ಹೋದಳು. ಎರಡು ಸಲವೂ ಹೇಳದೆ ಹಿಂದಕ್ಕೆ ಬಂದಳು. ಅಪ್ಪನ ತಾಯಿ ಜೋಗಮ್ಮಜ್ಜಿ ಕಟ್ಟೆಯ ಮೇಲೆ ಕೂತು ಎಲೆ ಅಡಿಕೆ ಕುಟ್ಟುತ್ತಿದ್ದಳು. ಹಲ್ಲಿಲ್ಲದ ಬಾಯಲ್ಲಿ, ಹೂವಿಗಿಂತ ತಮ್ಮ ದೊಡ್ಡವನಲ್ಲೇನು ಎಂದು ಸೊಸೆಗೆ ಕೇಳುವ ಹಾಗೆ ಗೊಣಗಿದಳು. ಅವ್ವ ಕೇಳದವಳ ಹಾಗೆ ಬಾಳೆಪಟ್ಟಿಯನ್ನು ಸೀಳತೊಡಗಿದಳು. ಜಡೆಯ ಅಡಿಗೆ ಇಡುವ ಪಟ್ಟಿ ಅದು. ಮೊಗ್ಗೇ ಇಲ್ಲ, ಪಟ್ಟಿ ಇಟ್ಟುಕೊಂಡು ಏನು ಮಾಡುತ್ತಾಳೋ.

ಒಂದು ತಾಸಿನ ಮೇಲೆ ಸೈಕಲ್ಲಿನ ಸದ್ದಾಯಿತು. ಮಾವನ ಅಂಗಿ ಬೆನ್ನಿಗೆ ಅಂಟಿಕೊಂಡಿತ್ತು. ಟವೆಲಿನ ಗಂಟನ್ನು ಅವ್ವನ ಮುಂದೆ ಇಟ್ಟ. ಬಿಚ್ಚಿದರೆ ಮೊಗ್ಗು. ಉದ್ದದ್ದು, ಗಿಡ್ಡದ್ದು, ತುದಿ ಕೆಂಪಾದದ್ದು, ಎಲ್ಲ ಕಲಬೆರಕೆ.

ಬಸ್‌ಸ್ಟ್ಯಾಂಡಿನಿಂದ ಹಿಡಿದು ಹೂ ಮಾರುವವರ ಹತ್ತಿರವೆಲ್ಲ ಹೋಗಿದ್ದನಂತೆ. ಅಕ್ಕನ ಮೊಗ್ಗನ್ನು ನಾನು ಕೆಡಿಸಿದೆ, ಒಂದೊಂದು ಬೊಗಸೆ ಕೊಡಿ ಅಂದನಂತೆ. ಎಲ್ಲರೂ ಬೈದರಂತೆ, ನಕ್ಕರಂತೆ, ಕೊಟ್ಟರಂತೆ. ಕೂರುವ ಜಾಗಕ್ಕಾಗಿ ದಿನಾ ಅವ್ವನ ಜೊತೆ ಕಿತ್ತಾಡುವ ಪಕ್ಕೀರವ್ವ ಎರಡು ಬೊಗಸೆ ಹಾಕಿದಳಂತೆ.

ಅವ್ವ ಮೊಗ್ಗುಗಳ ಮೇಲೆ ಕೈಯಾಡಿಸಿದಳು. ತಮ್ಮನ ಮುಖ ನೋಡದೆ ಅಜ್ಜಿಗೆ ಹೇಳಿದಳು.

"ಅವಂಗ ಹೇಳು ಅತ್ತಿ, ರೊಟ್ಟಿ ತಿಂದು ಹೋಗಾಕ."

"ಹಸಿವಿಲ್ಲಂತ ಹೇಳು ದೊಡ್ಡವ್ವ," ಅಂದ ಮಾವ, ಅವನೂ ಅಜ್ಜಿಗೇ.

"ನಾನೇನು ನಿಮ್ಮ ಫೋನಾ?" ಅಂದಳು ಅಜ್ಜಿ.

ಕೋಮಲಾಳಿಗೆ ನಗು ಬರಲಿಲ್ಲ. ನಾನು ಕೆಡಿಸಿದೆ ಎಂದು ಮಾವ ಎಷ್ಟು ಜನರ ಮುಂದೆ ಹೇಳಿರಬಹುದು? ಅವಳು ಒಳಗೆ ಓಡಿದಳು. ಫ್ರೀಜರಿನಿಂದ ಲೋಟಗಳನ್ನು ತೆಗೆದು ತಟ್ಟೆಯಲ್ಲಿಟ್ಟುಕೊಂಡು ಬಂದಳು.

"ಅವ್ವ, ಮಾವ ತಿರುವಿಲ್ಲ. ನಾನು ತಿರುವೀನಿ. ಇವು ಗಟ್ಟಿ ಆಗ್ಲಿ ಅಂತ."

ಅವ್ವ ಲೋಟಗಳನ್ನು ನೋಡಿದಳು. ರಟ್ಟಿನ ಮೇಲಿನ ಅಕ್ಷರ ಓದಿದಳು. ಆಮೇಲೆ ತಮ್ಮನನ್ನು ನೋಡಿದಳು. ಅವನು ಗೋಡೆಯ ಮೇಲಿನ ಕ್ಯಾಲೆಂಡರನ್ನು ಬಹಳ ಆಸಕ್ತಿಯಿಂದ ನೋಡುತ್ತಿದ್ದ.

"ಏನು ನಿಂತಿ ಹಂಗ," ಅವ್ವ ಕೊನೆಗೆ ಅಂದಳು. "ಕರಗಾಕತ್ತೈತಿ. ಕೊಡು ಎಲ್ಲರಿಗೂ."

ಚಮಚ ಹಿಡಿದು ಎಳೆದರೆ ಲೋಟದ ಆಕಾರದ ಕೆಂಪು ಐಸು ಹೊರಗೆ ಬಂತು. ಮೊಗ್ಗಿನ ಜೊತೆ ಒಂದೇ ಫ್ರಿಜ್ಜಿನಲ್ಲಿ ಇದ್ದದ್ದಕ್ಕೋ ಏನೋ, ಅದಕ್ಕೂ ಮಲ್ಲಿಗೆಯ ವಾಸನೆ ಹತ್ತಿತ್ತು. ಹಲ್ಲು ಬೇಡವಾದ ತಿಂಡಿ ಇದೊಂದೇ ನೋಡು ಎಂದು ಅಜ್ಜಿ ಮೆಚ್ಚಿದಳು. ಅವ್ವ ಒಂದು ಸಲ ಚೀಪಿ, ಐಸನ್ನು ಬೆರಳ ತುದಿಗೆ ಒತ್ತಿಕೊಂಡು ಕಣ್ಣು ಮುಚ್ಚಿದಳು.

ಐದೂಕಾಲಾಯಿತು. ಅವ್ವನ ಮಡಿಲ ತುಂಬ ಮೊಗ್ಗಿತ್ತು. ಕೈಯಲ್ಲಿ ಸೂಜಿ ಇತ್ತು. ಜಡೆ ಒಂದು ಗೇಣು ಆಗಿತ್ತು. ಮಾವ ಬ್ಯಾಗನ್ನು ಹೆಗಲಿಗೆ ಹಾಕಿದ. ಅವನ ಐಸು ಇನ್ನೂ ಅರ್ಧ ಉಳಿದಿತ್ತು.

"ಹುಲುಗೇಶ," ಅಂದಳು ಅವ್ವ.

ಅವಳು ಯಾವತ್ತೂ ಅವನನ್ನು ಹಾಗೆ ಕರೆದವಳಲ್ಲ. ಅವಳ ಬಾಯಲ್ಲಿ ಅವನು ಯಾವಾಗಲೂ ಹುಲುಗ್ಯಾ. ಮಾವ ಹೊಸ್ತಿಲಲ್ಲಿ ನಿಂತ. ಬೆನ್ನು ಈ ಕಡೆಗೇ ಇತ್ತು.

"ಬಸ್ ಬಿಡ್ತೈತಕ್ಕ. ನೀ ಜಡಿ ಮುಗಸು."

ಹೊರಟೇಬಿಟ್ಟ. ಕೋಮಲಾ ಬಾಗಿಲಿಗೆ ಓಡಿದಳು. ಮಾವ ಐಸು ಚೀಪುತ್ತಾ ಓಣಿಯಲ್ಲಿ ದಾಪುಗಾಲು ಹಾಕುತ್ತಿದ್ದ. ಬಿಳಿ ಅಂಗಿಯ ತೋಳಿಗೆ ಕೆಂಪು ಹನಿ ಇಳಿದಿತ್ತು. ಗಿರಣಿಯ ಮೂಲೆಯಲ್ಲಿ ತಿರುಗಿ ನೋಡೇ ನೋಡುತ್ತಾನೆ ಎಂದು ಅವಳು ಕೈ ಎತ್ತಿ ಕಾದಳು. ಅವನು ನೋಡಲಿಲ್ಲ. ಮೂಲೆ ದಾಟಿದ.

"ನೋಡಿದ್ನೇನ ತಿರುಗಿ?" ಅವ್ವ ಒಳಗಿನಿಂದ ಕೇಳಿದಳು.

"ಇಲ್ಲವ್ವ."

ಅವ್ವ ತಲೆ ಬಗ್ಗಿಸಿದಳು. ಸೂಜಿ ಸ್ವಲ್ಪ ಹೊತ್ತು ನಿಂತಿತು. ತಿರುಗಿ ನೋಡಿದ್ದರೆ ಅವ್ವ ತಪ್ಪಾಯಿತು ಅನ್ನಬೇಕಾಗುತ್ತಿತ್ತು. ಅವನಿಗೆ ಅದು ಬೇಕಿರಲಿಲ್ಲ. ಇನ್ನೂ ಬಾಗಿಲಲ್ಲೇ ನಿಂತಿದ್ದ ಕೋಮಲಾಳಿಗೆ ಅದು ಈಗ ಹೊಳೆಯಿತು.

ಅವಳು ಬಂದು ಅವ್ವನ ಪಕ್ಕ ಕೂತಳು. ಮೊಗ್ಗುಗಳಲ್ಲಿ ಉದ್ದದ್ದನ್ನು ಆರಿಸಿ ಒಂದೊಂದಾಗಿ ಅವ್ವನ ಕೈಗೆ ಕೊಡತೊಡಗಿದಳು. ಅವ್ವ ಬೇಡ ಅನ್ನಲಿಲ್ಲ. ಬಸ್‌ಸ್ಟ್ಯಾಂಡಿನ ಕಡೆಯಿಂದ ಐದೂವರೆ ಬಸ್ಸಿನ ಹಾರ್ನ್ ಕೇಳಿಸಿತು. ಇಬ್ಬರೂ ಬಾಗಿಲು ನೋಡಿದರು.

ಮಾವ ವಾಪಸು ಬರಲಿಲ್ಲ.