ಮೂರನೇ ಸಲ ಕೇಳಬೇಕಿತ್ತು

ವೇಲನ್ ಊಟಕ್ಕೆ ಕರೆದಾಗ ಆರ್ಲಿಸ್ "ಅಯ್ಯೋ, ಬೇಡ. ನಿಮಗ್ಯಾಕೆ ತೊಂದರೆ" ಅಂದಿದ್ದಳು. ಅವನು ಟೋಪಿ ಮುಟ್ಟಿ ನಕ್ಕು ಹೋಗಿಬಿಟ್ಟಿದ್ದ. ಅದಾಗಿ ಒಂದಿಡೀ ಚಳಿಗಾಲ ಕಳೆದರೂ ಮತ್ತೆ ಕೇಳಿರಲಿಲ್ಲ.

ಅಮೆರಿಕದ ಉತ್ತರದಂಚಿನ ಮಿನೆಸೋಟದ ಆ ಊರಲ್ಲಿ ಕಾಫಿ ಕೊಟ್ಟರೂ ಮೊದಲು ಬೇಡ ಅನ್ನಬೇಕು. ಎರಡನೇ ಸಲಕ್ಕೂ ಬೇಡವೇ. ಮೂರನೇ ಸಲ ಕೇಳಿದಾಗ ಕಪ್ಪು ಹಿಡಿಯಬೇಕು. ಆರ್ಲಿಸ್ ಬೆಳೆದದ್ದೇ ಹಾಗೆ. ಸ್ಕೂಲ್ ಬಸ್ ರಿಪೇರಿ ಮಾಡಲು ದೂರದ ದಕ್ಷಿಣದ ಟೆಕ್ಸಸ್ಸಿನಿಂದ ಬಂದ ವೇಲನ್‌ಗೆ ಇದೆಲ್ಲ ಯಾರು ಹೇಳಿಕೊಡಬೇಕು?

ಈಗ ಇಬ್ಬರೂ ಚರ್ಚಿನ ನೆಲಮಾಳಿಗೆಯ ಅಡುಗೆಮನೆಯಲ್ಲಿ ನಿಂತಿದ್ದರು. ನಾಳೆ ಚರ್ಚಿನ ತಿಂಡಿ ಮಾರಾಟ. ಉಸ್ತುವಾರಿ ಹೊತ್ತ ಮುದುಕಿ ವರ್ನಾ, ಓಟ್ಸ್ ಕುಕ್ಕಿಯ ಕೆಲಸವನ್ನು ಇವರಿಬ್ಬರಿಗೇ ಹಚ್ಚಿ ಮೇಲಕ್ಕೆ ಹೋಗಿದ್ದಳು.

ಬಿಸಿನೀರಲ್ಲಿ ನೆನೆದು ಉಬ್ಬಿದ ಒಣದ್ರಾಕ್ಷಿಯನ್ನು ಆರ್ಲಿಸ್ ಬಟ್ಟೆಯಲ್ಲಿ ಒರೆಸಿದಳು. ವೇಲನ್ ಒಂದನ್ನು ಬಾಯಿಗೆ ಹಾಕಿಕೊಂಡ.

"ಅದು ಮಾರೋಕಿರೋದು."

"ರುಚಿ ನೋಡ್ದೆ ಮಾರಿದ್ರೆ ಪಾಪ ಬರುತ್ತೆ ಮೇಡಂ. ಅದೂ ಚರ್ಚಲ್ಲಿ."

ಅವಳು ನಗು ತಡೆದುಕೊಂಡು ಬೆಣ್ಣೆ, ಕಂದು ಸಕ್ಕರೆ, ಮೊಟ್ಟೆಯ ಬಟ್ಟಲಿಗೆ ಮೈದಾ, ಓಟ್ಸ್, ದಾಲ್ಚಿನ್ನಿ, ಒಣದ್ರಾಕ್ಷಿ ಸೇರಿಸಿದಳು. ಅವನು ಅಂಗಿಯ ತೋಳು ಮಡಚಿಕೊಂಡು ಕಲಸಿದ. ಕೈ ಎಷ್ಟು ತೊಳೆದರೂ ಉಗುರಂಚಿನ ಗ್ರೀಸಿನ ಗೆರೆ ಹೋಗಿರಲಿಲ್ಲ. ಆ ಕೈಯನ್ನೇ ನೋಡುತ್ತಿದ್ದೇನೆಂದು ಅವಳಿಗೆ ಗೊತ್ತಾದದ್ದು, ಅವನು ಕಲಸುವುದನ್ನು ನಿಲ್ಲಿಸಿದಾಗ.

"ತಪ್ಪು ಮಾಡ್ತಿದೀನಾ?"

"ಇಲ್ಲ. ಸಾಕು, ಫ್ರಿಜ್ಜಿಗಿಡಿ."

"ಈಗ್ಲೇ ಬೇಯಿಸಬಾರದಾ?"

"ಓಟ್ಸ್ ತೇವ ಕುಡೀಬೇಕು. ಅವಸರ ಮಾಡಿದ್ರೆ ಓವನ್ನಲ್ಲಿ ಹರಡಿ ಚಪ್ಪಟೆ ಆಗಿಬಿಡುತ್ತೆ."

ಹಾಗಾಗಿ ಸುಮ್ಮನೆ ಕಾಯಬೇಕಾಯಿತು. ಆರ್ಲಿಸ್ ವೃದ್ಧಾಶ್ರಮದಲ್ಲಿ ರಾತ್ರಿ ಪಾಳಿ ಮುಗಿಸಿ ಬಂದವಳು. ಸ್ಟೂಲಿನ ಮೇಲೆ ಕೂತ ಕೂಡಲೇ ಕಾಲು ಜುಮ್ಮೆಂದಿತು. ಅವನು ಗೋಡೆಗೆ ಒರಗಿದ.

"ಅಣ್ಣ ಫೋನ್ ಮಾಡಿದ್ದ. ಅವನ ಗ್ಯಾರೇಜಿಗೆ ಜನ ಬೇಕಂತೆ. ಇವತ್ತು ಸಂಜೆ ಹೇಳ್ಬೇಕು."

"ಟೆಕ್ಸಸ್ಸಲ್ಲಾ?"

"ಹೂಂ. ಇಲ್ಲಿ ನನ್ನನ್ನ ಹಿಡ್ಕೊಳ್ಳೋ ಅಂಥದ್ದು ಏನೂ ಇಲ್ವಲ್ಲ."

ಅವಳು ಎದ್ದು ಫ್ರಿಜ್ಜಿನಿಂದ ಹಿಟ್ಟು ತೆಗೆದು ಟ್ರೇಗಳ ಮೇಲೆ ಉಂಡೆ ಇಟ್ಟಳು. ಮೊದಲ ಟ್ರೇ ಹೊರಗೆ ಬಂದಾಗ ಅವನು ಬಗ್ಗಿ ನೋಡಿದ.

"ನಡು ಇನ್ನೂ ಹಸಿ ಇದೆಯಲ್ಲ."

"ಹಾಗೇ ತೆಗೀಬೇಕು. ಉಳಿದದ್ದು ಟ್ರೇ ಬಿಸಿಗೇ ಬೇಯುತ್ತೆ."

ಎರಡನೇ ಟ್ರೇ ಒಳಗಿಟ್ಟು ಓವನ್ನಿನ ಬಾಗಿಲು ಮುಚ್ಚಿದಳು. ಅಲ್ಲಿಂದ ತಿರುಗದೆಯೇ ಕೇಳಿದಳು.

"ಊಟಕ್ಕೆ ಕರೆದಿರಿ. ಮತ್ತೆ ಯಾಕೆ ಕರೀಲಿಲ್ಲ?"

"ನೀವೇ ಬೇಡ ಅಂದ್ರಲ್ಲ!"

"ಮೊದಲನೇ ಸಲ ಎಲ್ಲರೂ ಬೇಡಾನೇ ಅಂತಾರೆ! ನೀವು ಮೂರು ಸಲ ಕೇಳ್ಬೇಕಿತ್ತು."

ವೇಲನ್ ಬಾಯಿ ತೆರೆದು ನಿಂತ. "ನಮ್ಮ ಕಡೆ ಬೇಡ ಅಂದ ಹೆಂಗಸನ್ನ ಮತ್ತೆ ಕೇಳಿದ್ರೆ ನಮ್ಮಮ್ಮ ಚರ್ಮ ಸುಲೀತಾಳೆ."

"ಒಳ್ಳೇ ಅಮ್ಮ," ಅಂದಳು ಆರ್ಲಿಸ್. ಕೆನ್ನೆ ಕಾಯುತ್ತಿತ್ತು, ಓವನ್ನಿನ ಕಾವೂ ಇತ್ತು. ಸುತ್ತಿಬಳಸುವಷ್ಟು ಹೊತ್ತು ಇನ್ನಿರಲಿಲ್ಲ. "ಸರಿ, ನಾನೇ ಕೇಳ್ತೀನಿ. ಒಂದೇ ಸಲ. ಹೋಗಬೇಡಿ. ನನಗೆ ನೀವು ಬೇಕು."

ಅವನು ಫೋನು ತೆಗೆದು ಅಲ್ಲೇ ಅಣ್ಣನಿಗೆ ಮಾಡಿದ. "ಬೇರೆ ಯಾರನ್ನಾದ್ರೂ ನೋಡ್ಕೋ ಕಣೋ... ಇಲ್ಲ, ಸಂಬಳದ ವಿಷಯ ಅಲ್ಲ... ಆಮೇಲೆ ಹೇಳ್ತೀನಿ, ನಂಗೀಗ ಕೆಲಸ ಇದೆ."

ಆ ಕೆಲಸ ಇಬ್ಬರನ್ನೂ ಸಾಕಷ್ಟು ಹೊತ್ತು ಮೈಮರೆಸಿತು.

"ಆರ್ಲಿಸ್! ಏನೇ ಅದು ಸೀದ ವಾಸನೆ?" ಮೆಟ್ಟಿಲ ಮೇಲಿಂದ ವರ್ನಾ ಕೂಗಿದಳು.

ಆರ್ಲಿಸ್ ಅವನ ಅಂಗಿಯಿಂದ ಮುಖ ಎತ್ತಿದಳು. "ಇಳಿದು ಬರಬೇಡಿ ವರ್ನಾ! ಈ ಟ್ರೇ ಮಾರಾಟಕ್ಕಲ್ಲ."